ಪುಂಡಿ, ಬ್ಯಾಳಿ, ಒಣ ಖಂಡ: ಒಂದು ಗಡಿಗೆಯೊಳಗಿನ ರಾಯಚೂರು

(ಇದು ಪಾಡ್‌ಕಾಸ್ಟ್ ಸಂಚಿಕೆಯ ಬರಹರೂಪ. ಓದುವ ಅನುಕೂಲಕ್ಕಾಗಿ ಅಲ್ಲಲ್ಲಿ ಸಣ್ಣ ತಿದ್ದುಪಡಿ ಮಾಡಲಾಗಿದೆ.)

ಬಸ್ಸಿನ ಕಿಟಕಿ ಪಕ್ಕ ಕೂತು ಕೇಳ್ತಿದ್ದೀರೋ, ಹಾಸ್ಟೆಲ್ ಟೆರೇಸ್ ಮೇಲೆ ಬಟ್ಟೆ ಒಣಗಿಸುತ್ತಾ ಕೇಳ್ತಿದ್ದೀರೋ ಗೊತ್ತಿಲ್ಲ. ಊಟ ಇನ್ನೂ ಆಗಿಲ್ಲ ಅಂದ್ರೆ ಮೊದಲೇ ಹೇಳಿಬಿಡ್ತೀನಿ, ಇವತ್ತಿನದು ಹೊಟ್ಟೆ ಹಸಿಯುವ ಸಂಚಿಕೆ.

ಹೋದ ತಿಂಗಳು ಒಂದು ರಾತ್ರಿ ರೀಲ್ಸ್ ನೋಡುತ್ತಾ ಮಲಗಿದ್ದೆ. ಇಟಲಿಯ ಒಬ್ಬ ಅಜ್ಜಿ, ಕಪ್ಪು ಕಬ್ಬಿಣದ ಬಾಣಲೆ. ಎಣ್ಣೆಗೆ ಜಜ್ಜಿದ ಬೆಳ್ಳುಳ್ಳಿ, ಒಣ ಮೆಣಸಿನಕಾಯಿ ಹಾಕಿದಳು. ಆಮೇಲೆ ಸಾಸೇಜ್, ಅಂದ್ರೆ ಕರುಳಿನ ಚೀಲದಲ್ಲಿ ಉಪ್ಪು ಮಸಾಲೆ ಸೇರಿಸಿ ತುಂಬಿಟ್ಟ ಮಾಂಸ, ಅದನ್ನು ಒಡೆದು ಹುರಿದಳು. ಅದರ ಮೇಲೆ ಎಸ್ಕರೋಲ್ ಅನ್ನೋ ಸ್ವಲ್ಪ ಕಹಿ ಸೊಪ್ಪು. ಕೊನೆಗೆ ಬೆಂದ ಬಿಳಿ ಬೀನ್ಸ್ ಕಾಳು. ಪಕ್ಕದಲ್ಲಿ ಒರಟು ಬ್ರೆಡ್. ಅಷ್ಟೇ. ಕೆಳಗೆ ಲಕ್ಷಗಟ್ಟಲೆ ಲೈಕ್. ಇಟಲಿಯಲ್ಲಿ ಇಂಥ ಅಡುಗೆಗೆ ಒಂದು ಹೆಸರೇ ಇದೆ, 'ಕುಚೀನಾ ಪೋವೆರಾ'. ಬಡವರ ಅಡುಗೆ.

ನಾನು ಎದ್ದು ಕೂತೆ. ಯಾಕಂದ್ರೆ ಈ ಅಡುಗೆ ನನಗೆ ಗೊತ್ತು. ನಮ್ಮಜ್ಜಿ ಮಾಡ್ತಿದ್ದಳು. ದೇವದುರ್ಗ ತಾಲೂಕಿನ ಒಂದು ಹಳ್ಳಿಯಲ್ಲಿ, ಮೂರು ಕಲ್ಲಿನ ಒಲೆ ಮೇಲೆ, ಮಣ್ಣಿನ ಗಡಿಗೆಯಲ್ಲಿ. ಎಸ್ಕರೋಲ್ ಜಾಗದಲ್ಲಿ ಪುಂಡಿ ಸೊಪ್ಪು. ಬಿಳಿ ಬೀನ್ಸ್ ಜಾಗದಲ್ಲಿ ತೊಗರಿ ಬ್ಯಾಳಿ. ಸಾಸೇಜ್ ಜಾಗದಲ್ಲಿ ಒಣ ಖಂಡ. ಬ್ರೆಡ್ ಜಾಗದಲ್ಲಿ ಜೋಳದ ರೊಟ್ಟಿ. ಲೈಕ್ ಮಾತ್ರ ಒಂದೂ ಬಂದಿರಲಿಲ್ಲ.

ಇವತ್ತು ಆ ಗಡಿಗೆಯ ಚರಿತ್ರೆ ಹೇಳ್ತೀನಿ. ಅದರ ಜೊತೆ ನಾನು ಮಾಡಿದ ಒಂದು ತಪ್ಪನ್ನೂ ಹೇಳ್ತೀನಿ.

ಮೊದಲು ಅಡುಗೆ

ಮಂಗಳೂರು ಕಡೆಯವರು ಕೇಳ್ತಿದ್ರೆ, ಪುಂಡಿ ಅಂದ್ರೆ ನಿಮ್ಮ ಅಕ್ಕಿ ಕಡುಬಲ್ಲ. ಇದು ಸೊಪ್ಪು. ದಾಸವಾಳದ ಜಾತಿಗೆ ಸೇರಿದ್ದು, ಹುಳಿ. ತೆಲುಗಿನವರು ಗೋಂಗೂರ ಅಂತಾರೆ, ಮರಾಠಿಯವರು ಅಂಬಾಡಿ, ರಾಯಚೂರಿನ ಉರ್ದು ಮನೆಗಳಲ್ಲಿ ಅಂಬಾಡಾ.

ಎರಡು ಕಟ್ಟು ಪುಂಡಿ ಬಿಡಿಸಿ, ತೊಳೆದು, ಐದು ನಿಮಿಷ ಕುದಿಸಿ ಆ ನೀರು ಚೆಲ್ಲಬೇಕು. ಇಲ್ಲದಿದ್ರೆ ಹಲ್ಲು ಚುಳ್ಳೆನ್ನುವಷ್ಟು ಹುಳಿ. ಒಂದು ಲೋಟ ತೊಗರಿ ಬ್ಯಾಳಿ, ಕಾಲು ಲೋಟ ಜೋಳದ ನುಚ್ಚು, ಎಂಟು ಹಸಿಮೆಣಸಿನಕಾಯಿ, ಎಲ್ಲ ಸೇರಿಸಿ ಮೆತ್ತಗೆ ಬೇಯಿಸಬೇಕು. ಆಮೇಲೆ ಸೊಪ್ಪು ಹಾಕಿ ಕಟ್ಟಿಗೆಯ ಕಡೆಗೋಲಿನಿಂದ ತಿರುವಬೇಕು. ಮಿಕ್ಸಿ ಬೇಡ. ಮಿಕ್ಸಿಗೆ ಹಾಕಿದ್ರೆ ಅದು ಪಲ್ಯ ಆಗಲ್ಲ, ಪೇಸ್ಟ್ ಆಗ್ತದೆ. ಕೊನೆಗೆ ಎಣ್ಣೆ, ಹತ್ತು ಹನ್ನೆರಡು ಎಸಳು ಜಜ್ಜಿದ ಬೆಳ್ಳುಳ್ಳಿ, ಒಣಮೆಣಸಿನಕಾಯಿ ಒಗ್ಗರಣೆ.

ಇಲ್ಲಿಗೆ ನಿಲ್ಲಿಸಿದ್ರೆ ಅದು ಪುಂಡಿ ಪಲ್ಯ. ಇದನ್ನು ನೀವು ಖಾನಾವಳಿಯಲ್ಲಿ ತಿಂದಿರ್ತೀರಿ. ನಮ್ಮ ಮನೆಯಲ್ಲಿ ಹಬ್ಬದ ನಂತರದ ವಾರಗಳಲ್ಲಿ ಇನ್ನೊಂದು ಹೆಜ್ಜೆ ಇತ್ತು. ಸೂರಿನಿಂದ ಇಳಿಬಿಟ್ಟ ಚೀಲದಿಂದ ಅಜ್ಜಿ ನಾಲ್ಕು ಒಣ ಖಂಡದ ಎಳೆ ತೆಗೀತಿದ್ದಳು. ಕೆಂಡದ ಮೇಲೆ ಸುಟ್ಟು, ಕಲ್ಲಿನಲ್ಲಿ ಕುಟ್ಟಿ, ಬಿಸಿನೀರಲ್ಲಿ ನೆನೆಸಿ, ಬ್ಯಾಳಿ ಜೊತೆ ಬೇಯಲು ಹಾಕ್ತಿದ್ದಳು. ಎಂಟು ಜನರ ಊಟಕ್ಕೆ ನಾಲ್ಕು ಎಳೆ. ಮಾಂಸ ಅಲ್ಲಿ ಊಟವಲ್ಲ, ಮಸಾಲೆ.

ಇಟಲಿಯ ಅಜ್ಜಿಯದೂ ಇದೇ ಲೆಕ್ಕ. ಪ್ರಾಣಿ ಕೊಯ್ದ ದಿನ ಮಾಂಸ ಜಾಸ್ತಿ, ಉಳಿದ ದಿನ ಇಲ್ಲವೇ ಇಲ್ಲ. ಫ್ರಿಜ್ ಇಲ್ಲದ ಕಾಲದಲ್ಲಿ ಇವತ್ತಿನ ಮಾಂಸವನ್ನು ಮುಂದಿನ ತಿಂಗಳಿಗೆ ದಾಟಿಸಬೇಕು. ಚಳಿ ಇರುವ ದೇಶದಲ್ಲಿ ಉಪ್ಪು ಹಾಕಿ ಕರುಳಿಗೆ ತುಂಬಿ ನೇತುಹಾಕಿದರು. ದಕ್ಷಿಣ ಇಟಲಿಯ ಲುಕಾನಿಯಾದ ಜನರಿಂದ ರೋಮನ್ ಸೈನಿಕರು ಕಲಿತದ್ದಕ್ಕೆ ಒಂದು ಬಗೆಯ ಸಾಸೇಜಿಗೆ ಇವತ್ತಿಗೂ ಆ ಊರ ಹೆಸರೇ ಇದೆ. ನಮ್ಮಲ್ಲಿ ಚಳಿ ಇಲ್ಲ, ಆದರೆ ರಾಯಚೂರಿನ ಬಿಸಿಲಿದೆಯಲ್ಲ! ಅದನ್ನು ಬೈಯೋದಷ್ಟೇ ಗೊತ್ತು ನಮಗೆ. ಆ ಬಿಸಿಲೇ ನಮ್ಮ ಉಪ್ಪಿನ ಡಬ್ಬಿ, ನಮ್ಮ ಹೊಗೆಗೂಡು, ನಮ್ಮ ಫ್ರಿಜ್.

ಯಾವುದು ಎಲ್ಲಿಯದು?

ಈಗ ಒಂದು ಆಟ ಆಡೋಣ. ಈ ಗಡಿಗೆಯಲ್ಲಿ 'ನಮ್ಮದು' ಯಾವುದು?

ಜೋಳ? ಆಫ್ರಿಕದ್ದು. ಪೂರ್ವ ಸುಡಾನ್ ಪ್ರದೇಶದಲ್ಲಿ ಐದು ಸಾವಿರ ವರ್ಷಕ್ಕೂ ಹಿಂದಿನ ಮಡಕೆ ಚೂರುಗಳ ಮೇಲೆ ಜೋಳದ ಅಚ್ಚು ಸಿಕ್ಕಿದೆ. ಪುಂಡಿ? ಅದೂ ಆಫ್ರಿಕ ಮೂಲದ್ದೇ. ಅದರ ನಾರಿನಿಂದ ನಮ್ಮ ರೈತರು ಹಗ್ಗ ಹೊಸೆದರು, ಎಲೆ ಗಡಿಗೆಗೆ ಹೋಯಿತು, ಕಡ್ಡಿ ಒಲೆಗೆ ಹೋಯಿತು. ಮೆಣಸಿನಕಾಯಿ? ಅಮೆರಿಕ ಖಂಡದ್ದು, ಪೋರ್ಚುಗೀಸರ ಹಡಗಿನಲ್ಲಿ 16ನೇ ಶತಮಾನದಲ್ಲಿ ಬಂದದ್ದು. ಒಗ್ಗರಣೆಯ ಶೇಂಗಾ ಎಣ್ಣೆ? ಶೇಂಗಾ ದಕ್ಷಿಣ ಅಮೆರಿಕದ್ದು. ತೊಗರಿ ಮಾತ್ರ ಈ ನೆಲದ್ದು. ಅದರ ಕಾಡು ಸಂಬಂಧಿ ಗಿಡ ಈಗಲೂ ಒಡಿಶಾ, ಬಸ್ತರ್ ಕಡೆ ಬೆಳೀತದೆ.

ಇಟಲಿಯವರೇನೂ ಕಮ್ಮಿ ಇಲ್ಲ. ಆ ರೀಲ್‌ನ ಬಿಳಿ ಬೀನ್ಸ್ ಕೂಡ ಅಮೆರಿಕದ್ದೇ. 1492ರ ನಂತರ ಯುರೋಪಿಗೆ ಹೋದದ್ದು. ಇವತ್ತು ಟಸ್ಕನಿಯ ಜನರಿಗೆ 'ಬೀನ್ಸ್ ತಿನ್ನೋರು' ಅಂತ ಅಡ್ಡಹೆಸರೇ ಇದೆ, ಅಷ್ಟು ಒಗ್ಗಿಹೋಗಿದೆ. ಅದಕ್ಕೂ ಮೊದಲು ಅವರು ತಿನ್ನುತ್ತಿದ್ದ ಕಾಳುಗಳಲ್ಲಿ ಒಂದು ನಮ್ಮ ಅಲಸಂದಿ. ಅದರ ಮೂಲ ಮತ್ತೆ ಆಫ್ರಿಕ!

ಅಂದ್ರೆ 'ಇದು ನಮ್ಮ ಸಂಸ್ಕೃತಿ, ಅದು ಪರಕೀಯ' ಅಂತ ಯಾರಾದ್ರೂ ತಟ್ಟೆ ತೋರಿಸಿ ಭಾಷಣ ಮಾಡಿದ್ರೆ, ಅವರ ತಟ್ಟೆಯಲ್ಲಿರುವ ಮೆಣಸಿನಕಾಯಿಯನ್ನು ಒಮ್ಮೆ ತೋರಿಸಿ.

ಹಾಗಾದ್ರೆ ಇದೆಲ್ಲ ಬರುವುದಕ್ಕೆ ಮೊದಲು ಇಲ್ಲಿನ ಜನ ಏನು ಉಣ್ಣುತ್ತಿದ್ದರು? ಲಿಂಗಸುಗೂರು ತಾಲೂಕಿನ ಮುದಗಲ್ ಹತ್ತಿರ ಪಿಕ್ಲಿಹಾಳ್ ಅಂತ ಊರಿದೆ. 1950ರ ದಶಕದಲ್ಲಿ ಪುರಾತತ್ವ ವಿದ್ವಾಂಸ ಆಲ್ಚಿನ್ ಅಲ್ಲಿ ಅಗೆದರು, 1960ರಲ್ಲಿ ವರದಿ ಪ್ರಕಟವಾಯಿತು. ಅಲ್ಲಿದ್ದವರು ದನ ಸಾಕುತ್ತಿದ್ದ ನವಶಿಲಾಯುಗದ ಜನ. ನಮ್ಮ ಭಾಗದಲ್ಲಿ ಬೂದಿದಿಬ್ಬ ಅಂತ ಕರೀತಾರಲ್ಲ, ಅವು ಆ ಜನ ಸಗಣಿ ರಾಶಿ ಹಾಕಿ ಸುಟ್ಟ ದಿಬ್ಬಗಳು. ಇಂಥ ನೆಲೆಗಳ ಮಣ್ಣನ್ನು ನೀರಲ್ಲಿ ತೊಳೆದು, ಸುಟ್ಟು ಕರಕಲಾದ ಕಾಳುಗಳನ್ನು ಹೆಕ್ಕಿದಾಗ ಮತ್ತೆ ಮತ್ತೆ ಸಿಕ್ಕಿದ್ದು ಎರಡು ಬೇಳೆಕಾಳು: ಹುರುಳಿ ಮತ್ತು ಹೆಸರು. ಜೊತೆಗೆ ಎರಡು ಸಣ್ಣ ಸಿರಿಧಾನ್ಯ. ಮೂಳೆಗಳಲ್ಲಿ ಹೆಚ್ಚಿನವು ದನದವು.

ಧಾನ್ಯ, ಕಾಳು, ಸ್ವಲ್ಪ ಮಾಂಸ. ನಾಲ್ಕು ಸಾವಿರ ವರ್ಷದ ಹಿಂದೆಯೂ ಗಡಿಗೆಯ ಲೆಕ್ಕ ಇದೇ ಇತ್ತು. ಸೊಪ್ಪು ಮಣ್ಣಲ್ಲಿ ಉಳಿಯಲ್ಲ, ಕೊಳೆತುಹೋಗ್ತದೆ. ಹಾಗಾಗಿ ಸೊಪ್ಪು ಬಿಡಿಸಿದ ಕೈಗಳಿಗೆ ಸಾಕ್ಷಿ ಇಲ್ಲ.

ರಾಜರ ಕಲ್ಲು, ಜನರ ಗಡಿಗೆ

ರಾಯಚೂರು ಅಂದ್ರೆ ಪಠ್ಯಪುಸ್ತಕದಲ್ಲಿ ಬರೀ ಯುದ್ಧ. ಕೃಷ್ಣಾ ಮತ್ತು ತುಂಗಭದ್ರೆಯ ನಡುವಿನ ಈ ದೋಆಬ್‌ಗಾಗಿ ಬಹಮನಿಗಳು ಮತ್ತು ವಿಜಯನಗರದವರು ಎಷ್ಟು ಸಲ ಬಡಿದಾಡಿದರೋ. ದೇವದುರ್ಗ ಕೃಷ್ಣೆಯ ಕಡೆ, ಮಾನ್ವಿ ತುಂಗಭದ್ರೆಯ ಕಡೆ, ರಾಯಚೂರು ಕೋಟೆ ನಡುವೆ.

ಆ ಕೋಟೆಗೆ ಹೋಗಿದ್ದೀರಾ? ಬಸ್ ಸ್ಟ್ಯಾಂಡ್ ಪಕ್ಕದಲ್ಲೇ ಇದೆ. ಅದರ ಗೋಡೆಯಲ್ಲಿ ಸುಮಾರು 40 ಅಡಿ ಉದ್ದದ ಒಂದೇ ಕಲ್ಲಿದೆ. ಕಾಕತೀಯರ ಕಾಲದ, 1294ರ ಶಾಸನ ಅದರ ಮೇಲಿದೆ. ಆ ಕಲ್ಲನ್ನು ಹೇಗೆ ತಂದರು ಅಂತ ಚಿತ್ರವನ್ನೂ ಕೆತ್ತಿದ್ದಾರೆ. ದೊಡ್ಡ ಗಾಡಿ, ಅದನ್ನು ಎಳೆಯುವ ಕೋಣಗಳ ಉದ್ದ ಸಾಲು, ಜೊತೆಗೆ ಜನ. ಕೋಟೆ ಕಟ್ಟಿಸಿದ ಅಧಿಕಾರಿಯ ಹೆಸರು ಶಾಸನದಲ್ಲಿದೆ. ಕಲ್ಲು ತಂದವರ ಹೆಸರಿಲ್ಲ. ಆ ದಿನ ಮಧ್ಯಾಹ್ನ ಅವರಿಗೆ ಬುತ್ತಿ ಕಟ್ಟಿಕೊಟ್ಟವರ ಹೆಸರಂತೂ ಇಲ್ಲವೇ ಇಲ್ಲ.

ಅಡುಗೆಮನೆ ಬಗ್ಗೆ ಬಾಯಿಬಿಟ್ಟ ರಾಜ ಒಬ್ಬನಿದ್ದಾನೆ, ಅಶೋಕ. ನಮ್ಮ ಮಸ್ಕಿಯ ಶಾಸನ 1915ರಲ್ಲಿ ಚಿನ್ನ ಹುಡುಕುತ್ತಿದ್ದ ಗಣಿ ಎಂಜಿನಿಯರ್ ಬೀಡನ್ ಕಣ್ಣಿಗೆ ಬಿತ್ತು. ಅಶೋಕ ಅನ್ನೋ ಹೆಸರನ್ನೇ ಹೇಳುವ ಶಾಸನ ಅಂತ ಅದು ಜಗತ್ಪ್ರಸಿದ್ಧ. ಅವನದೇ ಇನ್ನೊಂದು ಶಾಸನ, ಪಕ್ಕದ ಕರ್ನೂಲು ಸೀಮೆಯ ಎರ್ರಗುಡಿಯಲ್ಲೂ ಇರುವ ಮೊದಲ ದೊಡ್ಡ ಬಂಡೆ ಶಾಸನ, ಅರಮನೆಯ ಅಡುಗೆಮನೆಯಲ್ಲಿ ಮೊದಲು ಸಾವಿರಾರು ಪ್ರಾಣಿ ಕೊಲ್ಲುತ್ತಿದ್ದರು, ಈಗ ಎರಡು ನವಿಲು ಮತ್ತು ಒಂದು ಜಿಂಕೆಗೆ ಇಳಿದಿದೆ ಅಂತ ಹೇಳ್ತದೆ. ತಟ್ಟೆಯಲ್ಲಿ ಏನಿರಬೇಕು ಅಂತ ಸರ್ಕಾರ ಮಾತಾಡೋದು ಎಷ್ಟು ಹಳೆಯದು ನೋಡ್ರಿ.

1520ರ ಮೇ 19ರಂದು ಕೃಷ್ಣದೇವರಾಯ ಇದೇ ರಾಯಚೂರಿನ ಯುದ್ಧದಲ್ಲಿ ಇಸ್ಮಾಯಿಲ್ ಆದಿಲ್ ಶಾಹನನ್ನು ಸೋಲಿಸಿದ. ಕೋಟೆ ಮುತ್ತಿಗೆಯಲ್ಲಿ ಬಂದೂಕು ಹಿಡಿದ ಪೋರ್ಚುಗೀಸರು ಅವನ ಜೊತೆಗಿದ್ದರು. ಅದನ್ನು ಬರೆದಿಟ್ಟವನೂ ಪೋರ್ಚುಗೀಸನೇ, ನುನಿಜ್. ನಾನು ಪರೀಕ್ಷೆಗೆ ಇಸವಿ ಬಾಯಿಪಾಠ ಮಾಡಿದ್ದೆ. ಆ ಪೋರ್ಚುಗೀಸರು ತಂದದ್ದರಲ್ಲಿ ಬಂದೂಕು ಕೋಟೆ ಗೆದ್ದಿತು. ಅವರದೇ ಹಡಗುಗಳಲ್ಲಿ ಬಂದ ಮೆಣಸಿನಕಾಯಿ ಮಾತ್ರ ಯಾವ ಸದ್ದೂ ಇಲ್ಲದೆ ಪ್ರತಿ ಮನೆಯ ಗಡಿಗೆ ಗೆದ್ದಿತು. ಬಂದೂಕು ತಂದವರ ರಾಜ್ಯ ಹೋಯಿತು. ಖಾರ ಇನ್ನೂ ಇದೆ.

ಒಂದು ಮುಷ್ಟಿ ಬೇಳೆಯ ಜಗಳ

ಈಗ ಬೇಳೆಯ ಮಾತು. ಇದು ಸ್ವಲ್ಪ ಭಾರವಾದ ಭಾಗ.

1871ರಲ್ಲಿ ಮುಂಬೈಯಿಂದ ಬಂದ ರೈಲು ದಾರಿಯೂ ಮದ್ರಾಸಿನಿಂದ ಬಂದ ರೈಲು ದಾರಿಯೂ ಕೂಡಿದ್ದು ನಮ್ಮ ರಾಯಚೂರು ಸ್ಟೇಷನ್‌ನಲ್ಲಿ. ಐದೇ ವರ್ಷಕ್ಕೆ ಮಳೆ ಕೈಕೊಟ್ಟಿತು. 1876ರಿಂದ 78ರ ಮಹಾಬರ. ನಿಜಾಮರ ಹೈದರಾಬಾದ್, ಮೈಸೂರು, ಬಾಂಬೆ, ಮದ್ರಾಸ್, ಎಲ್ಲ ಕಡೆ ಲಕ್ಷ ಲಕ್ಷ ಜನ ಸತ್ತರು. ಅದೇ ವರ್ಷಗಳಲ್ಲಿ ದೇಶದಿಂದ ಧಾನ್ಯದ ರಫ್ತು ಮಾತ್ರ ನಿಲ್ಲಲಿಲ್ಲ.

ತುಂಗಭದ್ರೆಯ ಆಚೆ ದಂಡೆ, ಬಳ್ಳಾರಿ ಸೀಮೆ, ಆಗ ಮದ್ರಾಸ್ ಪ್ರಾಂತ್ಯ. ಅಲ್ಲಿ ಬರಗಾಲದ ಕಾಮಗಾರಿಗಳಲ್ಲಿ ಕಲ್ಲು ಒಡೆಯುವ ಒಬ್ಬ ಗಂಡಾಳಿಗೆ ದಿನಕ್ಕೆ ಎಷ್ಟು ಊಟ ಸಾಕು ಅಂತ ದೊಡ್ಡ ವಾದವೇ ನಡೆಯಿತು. ಸರ್ ರಿಚರ್ಡ್ ಟೆಂಪಲ್ ಎಂಬ ಅಧಿಕಾರಿ 1877ರಲ್ಲಿ ತೀರ್ಮಾನಿಸಿದ: ಒಂದು ಪೌಂಡ್ ಧಾನ್ಯ, ಅಂದ್ರೆ ಸುಮಾರು 450 ಗ್ರಾಂ, ಮೇಲೆ ಒಂದು ಆಣೆ. ಮದ್ರಾಸಿನ ಆರೋಗ್ಯ ಅಧಿಕಾರಿ ಡಾಕ್ಟರ್ ಕಾರ್ನಿಶ್ ಒಪ್ಪಲಿಲ್ಲ. ಬರೀ ಧಾನ್ಯದಿಂದ ದುಡಿಯುವ ದೇಹ ನಿಲ್ಲಲ್ಲ, ಒಂದೂವರೆ ಪೌಂಡ್ ಧಾನ್ಯ ಬೇಕು, ಜೊತೆಗೆ ಬೇಳೆ ಬೇಕು, ತರಕಾರಿ ಬೇಕು ಅಂತ ಹಟ ಹಿಡಿದ. ಕೊನೆಗೆ ಆ ಮಾರ್ಚ್‌ನಲ್ಲಿ ಮದ್ರಾಸ್ ಸರ್ಕಾರ ಅರ್ಧ ದಾರಿಗೆ ಬಂತು. 570 ಗ್ರಾಂ ಧಾನ್ಯ, ಜೊತೆಗೆ ಒಂದಿಷ್ಟು ಬೇಳೆ.

ಕಾರ್ನಿಶ್ ಕೇಳಿದ್ದು ಏನನ್ನ? ಧಾನ್ಯ, ಬೇಳೆ, ಸೊಪ್ಪು ತರಕಾರಿ. ನಮ್ಮಜ್ಜಿಯ ಅಜ್ಜಿ ದಿನಾ ಮಾಡುತ್ತಿದ್ದ ಅಡುಗೆಯನ್ನೇ. ಜೋಳದಲ್ಲಿ ಕಡಿಮೆ ಇರುವ ಪ್ರೋಟೀನಿನ ಒಂದು ಅಂಶ ಬೇಳೆಯಲ್ಲಿ ಧಾರಾಳವಾಗಿದೆ, ಎರಡೂ ಸೇರಿದ್ರೆ ಪೂರ್ತಿ ಊಟ. ಇದನ್ನು ವಿಜ್ಞಾನ ವಿವರಿಸಿದ್ದು ಆಮೇಲೆ. ಹಸಿದ ಜನ ಬಾಯಿಯಿಂದಲೇ ಕಂಡುಕೊಂಡಿದ್ದರು, ಇಲ್ಲೂ, ಇಟಲಿಯಲ್ಲೂ.

ಇದು ಹಳೇ ಕಥೆ ಅಂದ್ಕೋಬೇಡಿ. 2011ರ ಹೊತ್ತಿಗೆ ರಾಯಚೂರು ಜಿಲ್ಲೆಯ ಮಕ್ಕಳ ಅಪೌಷ್ಟಿಕತೆ ರಾಜ್ಯಕ್ಕೆಲ್ಲ ಸುದ್ದಿಯಾಯಿತು. ವಿಷಯ ಹೈಕೋರ್ಟ್‌ಗೆ ಹೋಗಿ ನ್ಯಾಯಮೂರ್ತಿ ಎನ್.ಕೆ. ಪಾಟೀಲ ಅವರ ಸಮಿತಿ ಬಂತು. 2021ರ ಡಿಸೆಂಬರ್‌ನಲ್ಲಿ ರಾಯಚೂರು ಸೇರಿದಂತೆ ಕೆಲವು ಜಿಲ್ಲೆಗಳ ಶಾಲೆಗಳಲ್ಲಿ ಬಿಸಿಯೂಟದ ಜೊತೆ ಮೊಟ್ಟೆ ಕೊಡಲು ಶುರುಮಾಡಿದಾಗ ಎಷ್ಟು ಗದ್ದಲ ಆಯಿತು, ನಿಮಗೂ ನೆನಪಿರಬೇಕು. ಬಡ ಮಗುವಿನ ತಟ್ಟೆಗೆ ಏನು ಬೀಳಬೇಕು ಅನ್ನೋ ವಾದ 1877ಕ್ಕೆ ಮುಗಿಯಲಿಲ್ಲ.

ಮೂರು ಊರು, ಒಂದೇ ಗಡಿಗೆ

ನನ್ನ ಅದೃಷ್ಟ, ನನಗೆ ಮೂರು ಅಡುಗೆಮನೆ. ಅಜ್ಜಿಯದು ದೇವದುರ್ಗದ ಒಣಭೂಮಿ. ಅಮ್ಮನ ತವರು ಮಾನ್ವಿ ತಾಲೂಕಿನ ಕಾಲುವೆ ಊರು. ನಾನು ಬೆಳೆದದ್ದು ರಾಯಚೂರು ನಗರದ ಓಣಿಯಲ್ಲಿ.

ಅಜ್ಜಿಯ ಹೊಲದಲ್ಲಿ ಜೋಳದ ನಡುವೆ ತೊಗರಿ ಸಾಲು, ಬದುವಿಗೆ ಪುಂಡಿ. ಗಡಿಗೆಗೆ ಬೇಕಾದ್ದೆಲ್ಲ ಒಂದೇ ಹೊಲದಲ್ಲಿ. ಎಳ್ಳಮಾವಾಸ್ಯೆಯ ದಿನ ಎಲ್ಲರೂ ಹೊಲಕ್ಕೆ ಹೋಗಿ ಚರಗ ಚೆಲ್ಲಿ, ಅಲ್ಲೇ ಕೂತು ಉಣ್ಣೋದು. ಅವತ್ತು ಭಜ್ಜಿ. ಹತ್ತಾರು ಬಗೆಯ ಸೊಪ್ಪು, ಹಸಿ ತೊಗರಿಕಾಳು, ಅವರೆ, ಕಡಲೆ, ಶೇಂಗಾ, ಎಲ್ಲ ಸೇರಿಸಿದ ಪಲ್ಯ. ಜೊತೆಗೆ ಸಜ್ಜೆ ರೊಟ್ಟಿ. ಸೊಪ್ಪು ಮತ್ತು ಕಾಳಿನ ಅಡುಗೆಗೇ ಒಂದು ಹಬ್ಬ ಇದ್ದರೆ ಅದು ಇದು. ನಾರಾಯಣಪುರ ಬಲದಂಡೆ ಕಾಲುವೆ ಬಂದ ಮೇಲೆ ದೇವದುರ್ಗದಲ್ಲೂ ಭತ್ತ, ಹತ್ತಿ, ಮೆಣಸಿನಕಾಯಿ ಹೆಚ್ಚಾಯಿತು. ಕೈಯಲ್ಲಿ ದುಡ್ಡು ಬಂತು, ಅದನ್ನು ಇಲ್ಲ ಅನ್ನಲ್ಲ. ಆದರೆ ಕಳೆನಾಶಕ ಹೊಡೆದ ಹೊಲದಲ್ಲಿ ತಾನಾಗಿ ಹುಟ್ಟುವ ಸೊಪ್ಪು ಉಳಿಯಲ್ಲ. ಅಜ್ಜಿ ಹೆಸರಿಡಿದು ಕರೆಯುತ್ತಿದ್ದ ಸೊಪ್ಪುಗಳಲ್ಲಿ ಅರ್ಧ ನನಗೆ ಗುರುತಿಲ್ಲ.

ಮಾನ್ವಿಯಲ್ಲಿ ಆ ಬದಲಾವಣೆ ಇನ್ನೂ ಮುಂಚೆ. ತುಂಗಭದ್ರಾ ಅಣೆಕಟ್ಟು 1953ರಲ್ಲಿ ಮುಗಿಯಿತು, ಎಡದಂಡೆ ಕಾಲುವೆ ಬಂತು, ಜೋಳದ ಹೊಲ ಗದ್ದೆಯಾಯಿತು. ಅಮ್ಮನ ತವರಿನಲ್ಲಿ ಪುಂಡಿ ಪಲ್ಯಕ್ಕೆ ಜೋಳದ ನುಚ್ಚಲ್ಲ, ಅಕ್ಕಿ ನುಚ್ಚು. ಕಾಲುವೆಯ ಕೊನೆಭಾಗದವರಿಗೆ ನೀರು ಬರುತ್ತೋ ಇಲ್ಲವೋ ಅನ್ನೋದೇ ಪ್ರತಿ ವರ್ಷದ ಚಿಂತೆ. ಭತ್ತ ಕೈಕೊಟ್ಟ ವರ್ಷ ಮನೆಯಲ್ಲಿ ಮತ್ತೆ ಜೋಳ ಕೊಳ್ಳುತ್ತಿದ್ದರು, ಅಂಗಡಿಯಿಂದ! 2013ರಲ್ಲಿ ಅನ್ನಭಾಗ್ಯ ಬಂದ ಮೇಲೆ ರೇಷನ್ ಚೀಲದಲ್ಲೂ ಅಕ್ಕಿಯೇ ಮುಖ್ಯ ಆಯಿತು. ಹಸಿವು ನೀಗಿತು, ನಿಜ. ಆದರೆ ಅಜ್ಜಿ ಅನ್ನ ಉಂಡು ಒಂದು ತಾಸಿಗೆ, "ಯಾಕೋ ಹೊಟ್ಟಿ ಖಾಲಿ ಖಾಲಿ ಅನಸತದ" ಅಂತಿದ್ದಳು.

ಇನ್ನು ರಾಯಚೂರು ನಗರ. 1948ರವರೆಗೆ ನಿಜಾಮರ ರಾಜ್ಯ, 1956ರ ನವೆಂಬರ್ 1ರಿಂದ ಮೈಸೂರು ರಾಜ್ಯ. ಗಡಿ ಬದಲಾಯಿತು, ಅಡುಗೆ ಬದಲಾಗಲಿಲ್ಲ. ನಮ್ಮ ಓಣಿಯ ಮದುವೆಗಳಲ್ಲಿ ಬಗಾರಾ ಅನ್ನದ ಜೊತೆ ದಾಲ್ಚಾ ಬರುತ್ತಿತ್ತು. ಕಡಲೆಬೇಳೆ, ಸೋರೆಕಾಯಿ, ಹುಣಸೆಹುಳಿ, ಕುರಿಮಾಂಸ, ಎಲ್ಲ ಒಂದೇ ಪಾತ್ರೆಯಲ್ಲಿ. ಪಕ್ಕದ ಮನೆ ಖಾಲಾ ಅಂಬಾಡಾ ಗೋಶ್ತ್ ಮಾಡಿದ ದಿನ ಒಂದು ಬಟ್ಟಲು ನಮಗೆ. ನಮ್ಮ ಪುಂಡಿ ಪಲ್ಯ ಅವರಿಗೆ. ಮೊಹರಂನಲ್ಲಿ ಅಲಾಯಿ ಮುಂದೆ ಕುಣಿಯೋರು ಎರಡೂ ಮನೆಯವರು, ಚೊಂಗೆ ತಿನ್ನೋರೂ ಎರಡೂ ಮನೆಯವರು. ಇದನ್ನು ಸೌಹಾರ್ದ ಅಂತ ಕರೀತಾರೆ ಅಂತ ನನಗೆ ಗೊತ್ತಾದದ್ದು ಕಾಲೇಜಿಗೆ ಬಂದ ಮೇಲೆ. ಓಣಿಯಲ್ಲಿ ಅದಕ್ಕೆ ಹೆಸರಿರಲಿಲ್ಲ.

ಹೊಟ್ಟೆನೋವಿನ ಸುಳ್ಳು

ಮಾನ್ವಿ ಅಂದಮೇಲೆ ಒಂದು ಕಥೆ ಹೇಳಲೇಬೇಕು. ದಾಸಸಾಹಿತ್ಯ ಓದಿದವರಿಗೆ ಮಾನ್ವಿ ಅಂದ್ರೆ ಜಗನ್ನಾಥದಾಸರು, 'ಹರಿಕಥಾಮೃತಸಾರ' ಬರೆದವರು. 1728ರಲ್ಲಿ ಮಾನ್ವಿ ತಾಲೂಕಿನ ಬ್ಯಾಗವಾಟದಲ್ಲಿ ಹುಟ್ಟಿದರು. ಮೊದಲ ಹೆಸರು ಶ್ರೀನಿವಾಸಾಚಾರ್ಯ, ದೊಡ್ಡ ಸಂಸ್ಕೃತ ಪಂಡಿತ. ಕನ್ನಡದಲ್ಲಿ ಹಾಡುವ ದಾಸರೆಂದರೆ ಅಷ್ಟಕ್ಕಷ್ಟೆ. ಭಕ್ತರು ಹೇಳುವ ಕಥೆ ಹೀಗಿದೆ. ಚೀಕಲಪರ್ವಿಯ ವಿಜಯದಾಸರು ಊಟಕ್ಕೆ ಕರೆದರು. ಪಂಡಿತರಿಗೆ ಹೋಗಲು ಮನಸ್ಸಿಲ್ಲ. ಹೊಟ್ಟೆನೋವು ಅಂತ ಹೇಳಿ ತಪ್ಪಿಸಿಕೊಂಡರು. ಆಮೇಲೆ ನಿಜವಾಗಿಯೂ ಹೊಟ್ಟೆನೋವು ಬಂತು, ಏನು ಮಾಡಿದರೂ ಹೋಗಲಿಲ್ಲ. ಕೊನೆಗೆ ಗೋಪಾಲದಾಸರು ಕೊಟ್ಟ ಜೋಳದ ರೊಟ್ಟಿಯಿಂದ ವಾಸಿಯಾಯಿತಂತೆ.

ಪವಾಡದ ಮಾತು ಬದಿಗಿಡಿ. ಕಥೆಯ ಒಳಗಿರುವುದು ಒಂದು ಸಣ್ಣ ಸುಳ್ಳು. ಯಾರ ಮನೆಯ ಊಟ, ಯಾರ ಪಂಕ್ತಿ, ಅದನ್ನು ತಪ್ಪಿಸಲು ಹೇಳಿದ ಸುಳ್ಳು. ನಾನೂ ಒಂದು ಅಂಥದ್ದೇ ಸುಳ್ಳು ಹೇಳಿದ್ದೇನೆ.

2016. ಬೆಂಗಳೂರಿನಲ್ಲಿ ಮೊದಲ ಕೆಲಸ. ಬಾಡಿಗೆ ರೂಮು ಹುಡುಕುವಾಗ ಕೇಳಿದ ಮೊದಲ ಪ್ರಶ್ನೆ ಸಂಬಳ ಎಷ್ಟು ಅಂತಲ್ಲ, "ನೀವು ವೆಜ್ಜಾ?" ನಾನು ಹೂಂ ಅಂದೆ. ಅದು ಮೊದಲ ಸುಳ್ಳು. ಮಾರ್ಚ್‌ನಲ್ಲಿ ಊರಿಂದ ಬಂದ ಸಂಬಂಧಿ ಒಬ್ಬರ ಕೈಲಿ ಅಜ್ಜಿ ಒಂದು ಗಂಟು ಕಳಿಸಿದ್ದಳು. ಖಟಕ್ ರೊಟ್ಟಿ, ಶೇಂಗಾ ಹಿಂಡಿ, ಹಳೇ ಸೀರೆಯ ತುಂಡಿನಲ್ಲಿ ಸುತ್ತಿದ ಒಣ ಖಂಡ. ಸುಟ್ಟರೆ ವಾಸನೆ ಕೆಳಗಿನ ಮನೆಗೆ ಹೋಗ್ತದೆ. ಇಟ್ಟುಕೊಂಡರೂ ಹೋಗ್ತದೆ. ಎರಡು ದಿನ ಬ್ಯಾಗಿನಲ್ಲೇ ಇಟ್ಟುಕೊಂಡು ಓಡಾಡಿ, ಮೂರನೇ ದಿನ ಬೆಳಗ್ಗೆ ಬಸ್ ಸ್ಟಾಪ್ ಹತ್ತಿರದ ಕಸದ ತೊಟ್ಟಿಗೆ ಹಾಕಿದೆ. ಸೀರೆ ತುಂಡಿನ ಸಮೇತ.

ಆ ವಾರ ಅಜ್ಜಿ ಫೋನ್ ಮಾಡಿದಳು. "ಖಂಡ ಉಂಡಿಯೇನಪ?"

"ಹೂಂ, ಉಂಡೆ."

"ಪುಂಡಿ ಸಿಗತದೇನು ಅಲ್ಲಿ?"

"ಹೂಂ, ಸಿಗತದ."

ಆ ಎಳೆಗಳ ಹಿಂದೆ ಎಷ್ಟು ಕೆಲಸ ಇತ್ತು ಅಂತ ನನಗೆ ಗೊತ್ತಿತ್ತು. ಮಾಂಸವನ್ನು ಉದ್ದಕ್ಕೆ ಎಳೆ ಎಳೆಯಾಗಿ ಕೊಯ್ಯಬೇಕು. ಉಪ್ಪು, ಅರಿಶಿಣ, ಖಾರ ಸವರಿ ಹಗ್ಗಕ್ಕೆ ಹಾಕಬೇಕು. ನಾಲ್ಕೈದು ದಿನ ಕಾಗೆ, ಬೆಕ್ಕು, ನೊಣ ಕಾಯುತ್ತಾ ಕೂರಬೇಕು. ಸಂಜೆ ಒಳಗೆ, ಬೆಳಗ್ಗೆ ಹೊರಗೆ. ಮುರಿದರೆ ಕಡ್ಡಿಯ ಹಾಗೆ ಚಟ್ ಅನ್ನಬೇಕು.

ಯಾವ ಪ್ರಾಣಿಯ ಮಾಂಸ ಅಂತ ನಿಮ್ಮಲ್ಲಿ ಕೆಲವರು ಇಷ್ಟೊತ್ತಿಗೆ ಯೋಚಿಸ್ತಿರ್ತೀರಿ. ಕೆಲವು ಮನೆಯಲ್ಲಿ ಕುರಿ, ಕೆಲವು ಮನೆಯಲ್ಲಿ ದನ. ಆ ಪ್ರಶ್ನೆ ನಿಮಗೆ ಮೊದಲು ಹೊಳೆದದ್ದು ಯಾಕೆ ಅನ್ನೋದೂ ಈ ಚರಿತ್ರೆಯ ಭಾಗವೇ. ನಮ್ಮದು ಊರ ಕೊನೆಯ ಓಣಿ. ಒಂದು ಕಾಲಕ್ಕೆ ಊರಲ್ಲಿ ಸತ್ತ ದನವನ್ನು ಎಳೆದು ಹಾಕುವುದು ಆ ಓಣಿಯ ಕೆಲಸ, ಅದರ ಮಾಂಸವೇ ಕೂಲಿ. 1927ರಲ್ಲಿ ಮಹಾಡ್‌ನ ಸಮಾವೇಶದಲ್ಲಿ ಅಂಬೇಡ್ಕರ್ ಸತ್ತ ದನದ ಮಾಂಸ ಬಿಡಿ ಅಂತ ಕರೆ ಕೊಟ್ಟರು. ಎಷ್ಟೋ ಹಿರಿಯರು ಸ್ವಾಭಿಮಾನಕ್ಕಾಗಿ ಬಿಟ್ಟರು. ಹಾಗಾಗಿ ಒಣ ಖಂಡದ ನೆನಪು ಎಲ್ಲರಿಗೂ ಸಿಹಿಯಲ್ಲ. ಕೆಲವರು ಅದನ್ನು ಬಿಟ್ಟದ್ದೇ ಹೆಮ್ಮೆ, ಕೆಲವರಿಗೆ ಅದನ್ನು ಉಳಿಸಿಕೊಂಡದ್ದೇ ಹೆಮ್ಮೆ. ಎರಡಕ್ಕೂ ಕಾರಣ ಇದೆ. ನನ್ನ ಕಾರಣ ಮಾತ್ರ ಎರಡರಲ್ಲಿ ಯಾವುದೂ ಆಗಿರಲಿಲ್ಲ. ನನಗಿದ್ದದ್ದು ರೂಮು ಹೋದೀತೆಂಬ ಹೆದರ್ಕೆ, ಮತ್ತೆ ನಾಚಿಕೆ.

ನಮ್ಮ ಹಾಗೆಯೇ ನಿಜಾಮರ ರಾಜ್ಯದಲ್ಲಿದ್ದ ಮರಾಠವಾಡದ ಲೇಖಕ ಶಾಹು ಪಾಟೋಳೆ ತಮ್ಮ ಸಮುದಾಯದ ಅಡುಗೆ ಬಗ್ಗೆ ಮರಾಠಿಯಲ್ಲಿ ಒಂದು ಪುಸ್ತಕ ಬರೆದಿದ್ದಾರೆ, 2015ರಲ್ಲಿ. ಹೆಸರು 'ಅನ್ನ ಹೇ ಅಪೂರ್ಣಬ್ರಹ್ಮ'. ಅನ್ನ ಪೂರ್ಣಬ್ರಹ್ಮ ಅಂತಾರಲ್ಲ, ಅದಕ್ಕೆ ಉತ್ತರ. ಒಣ ಮಾಂಸವೂ ಅದರಲ್ಲಿದೆ. 2024ರಲ್ಲಿ ಇಂಗ್ಲಿಷಿಗೂ ಬಂತು. ಅದನ್ನು ಓದುವಾಗ ನನಗೆ ಆ ಬಸ್ ಸ್ಟಾಪ್ ನೆನಪಾಯಿತು.

ಟೆರೇಸ್ ಮೇಲಿನ ಹಗ್ಗ

ಇಟಲಿಯ ಕಥೆಗೆ ಮತ್ತೆ ಬರ್ತೀನಿ. ಈ ಸೊಪ್ಪು, ಬೀನ್ಸ್, ಸಾಸೇಜ್ ಅಡುಗೆ ಜಗತ್ತಿಗೆ ಪರಿಚಯವಾದದ್ದರಲ್ಲಿ ವಲಸೆ ಹೋದವರ ಪಾಲು ದೊಡ್ಡದು. 1880ರಿಂದ 1920ರ ನಡುವೆ ಸುಮಾರು 40 ಲಕ್ಷ ಇಟಾಲಿಯನ್ನರು ಅಮೆರಿಕಕ್ಕೆ ಹೋದರು. ಹೆಚ್ಚಿನವರು ದಕ್ಷಿಣದ ಬಡ ರೈತರು. ಅಲ್ಲಿ ಅವರ ಬೆಳ್ಳುಳ್ಳಿ ವಾಸನೆಗೂ ಜನ ಮೂಗು ಮುಚ್ಚಿಕೊಂಡರು. ಅವರ ಮೊಮ್ಮಕ್ಕಳ ಕಾಲಕ್ಕೆ ಅದೇ ಅಡುಗೆ ರೆಸ್ಟೋರೆಂಟ್ ಮೆನುವಿಗೆ ಬಂತು.

ನಮ್ಮ ಕಡೆಯವರು ಹೋಗೋದಕ್ಕೆ ಗುಳೆ ಅಂತ ಹೆಸರು. ದೇವದುರ್ಗ, ಮಾನ್ವಿಯಿಂದ ರಾತ್ರಿ ಬಸ್ಸು ಹತ್ತಿ ಬೆಂಗಳೂರು, ಪುಣೆ, ಹೈದರಾಬಾದಿನ ಕಟ್ಟಡಗಳಿಗೆ. ಬೆಂಗಳೂರಿನಲ್ಲಿ ಹೊಸ ಅಪಾರ್ಟ್‌ಮೆಂಟ್ ಪಕ್ಕದ ತಗಡಿನ ಶೆಡ್ ಮುಂದೆ ಸಂಜೆ ಏಳಕ್ಕೆ ನಡೆದು ನೋಡಿ. ರೊಟ್ಟಿ ಬಡಿಯುವ ಸದ್ದು ಕೇಳ್ತದೆ. 1294ರ ಕಲ್ಲು ಎಳೆದವರ ಹಾಗೆ, ಈ ಕಟ್ಟಡದ ಮೇಲೂ ಅವರ ಹೆಸರಿರಲ್ಲ.

ಅಜ್ಜಿ 2021ರಲ್ಲಿ ತೀರಿಕೊಂಡಳು. ನಾನು ಆ ಸುಳ್ಳನ್ನು ಸರಿಪಡಿಸಲಿಲ್ಲ. ಹೇಳಿದ್ದರೆ ಅವಳು ಬೈಯುತ್ತಿರಲಿಲ್ಲ, ಇನ್ನೊಂದು ಗಂಟು ಕಳಿಸುತ್ತಿದ್ದಳು. ಅದಕ್ಕೇ ಹೇಳಲು ಆಗಲಿಲ್ಲ.

ಈ ಏಪ್ರಿಲ್‌ನಲ್ಲಿ ರಾಯಚೂರಿನ ಮನೆಯ ಟೆರೇಸ್ ಮೇಲೆ ಹಗ್ಗ ಕಟ್ಟಿದೆ. ಅರ್ಧ ಕಿಲೋ ಕುರಿಮಾಂಸ ತಂದು, ಅಮ್ಮನ ಕೈಲಿ ಬೈಸಿಕೊಳ್ಳುತ್ತಾ ಎಳೆ ಕೊಯ್ದೆ. ನನ್ನ ಎಳೆ ದಪ್ಪ ಆಯಿತಂತೆ. ಮೊದಲ ದಿನ ಕಾಗೆ ಎರಡು ಎಳೆ ಒಯ್ದಿತು. ಎರಡನೇ ದಿನ ಸೊಳ್ಳೆಪರದೆ ಹೊದಿಸಿದೆ. ಮೂರನೇ ದಿನ ಪಕ್ಕದ ಮನೆಯ ಖಾಲಾ ಟೆರೇಸ್‌ನಿಂದ ಕೂಗಿದರು, "ಅರೇ, ದಾದಿ ಯಾದ್ ಆಯೀ ಕ್ಯಾ?" ಐದನೇ ದಿನ ಒಂದು ಎಳೆ ಮುರಿದು ನೋಡಿದೆ. ಚಟ್ ಅಂತು. ಪೂರ್ತಿ ಅಲ್ಲ, ಮಧ್ಯದಲ್ಲಿ ಇನ್ನೂ ಸ್ವಲ್ಪ ಮೆತ್ತಗಿತ್ತು. ಅದನ್ನು ಹಾಗೇ ಇಟ್ಟರೆ ಕೆಡ್ತದೆ ಅಂತ ಅಮ್ಮ ಇನ್ನೆರಡು ದಿನ ಬಿಸಿಲಿಗೆ ಹಾಕಿಸಿದಳು. ನೀವೂ ಮಾಡೋದಾದ್ರೆ ಈ ಒಂದು ಮಾತು ನೆನಪಿಡಿ.

ಈಗ ನನ್ನ ರೂಮಿನ ಡಬ್ಬಿಯಲ್ಲಿ ಇದೆ. ಹೊಸ ರೂಮು. ಈ ಸಲ "ವೆಜ್ಜಾ?" ಅಂತ ಕೇಳಿದಾಗ ಇಲ್ಲ ಅಂದೆ. ನಾಲ್ಕು ಮನೆ ತಪ್ಪಿದವು, ಐದನೆಯದು ಸಿಕ್ಕಿತು.

ಒಂದು ಕೆಲಸ ಹೇಳಿ ಮುಗಿಸ್ತೀನಿ. ನಿಮ್ಮ ಮನೆಯಲ್ಲಿ ಅಜ್ಜಿ, ಅತ್ತೆ, ದೊಡ್ಡಮ್ಮ ಯಾರಾದ್ರೂ ಇದ್ರೆ ಈ ವಾರ ಫೋನಿನ ರೆಕಾರ್ಡರ್ ಆನ್ ಮಾಡಿ ಕೇಳಿ: ನೀವು ಚಿಕ್ಕವರಿದ್ದಾಗ ಮನೆಯಲ್ಲಿ ಏನೂ ಇಲ್ಲದ ದಿನ ಏನು ಮಾಡ್ತಿದ್ರಿ? ಯಾವ ಸೊಪ್ಪು? ಯಾವ ಕಾಳು? ಹೆಸರುಗಳನ್ನು ಅವರು ಹೇಳಿದ ಹಾಗೇ ಬರೆದುಕೊಳ್ಳಿ. ಗೊತ್ತಿಲ್ಲದ ಹೆಸರು ಬಂದ್ರೆ ಆ ಗಿಡ ತೋರಿಸೋಕೆ ಹೇಳಿ, ಫೋಟೋ ತೆಗೀರಿ. ಮತ್ತೆ ಅವರು ಏನಾದ್ರೂ ಕಟ್ಟಿಕೊಟ್ರೆ, ದಯವಿಟ್ಟು ಉಣ್ಣಿ.

ಮುಂದಿನ ವಾರ ಸಿಗೋಣ. ಬರ್ತೀನ್ರೀ.